ಬಹಾದ್ದೂರ ಕೂತ ಬಾಗಿಲುಗಳು

ಬಹಾದ್ದೂರ ಸದಾನಂದನ ಬಾಗಿಲ ಮುಂದೆ ಕೂತ. ಆದದ್ದು ಇಷ್ಟೇ. ಬೊಗಳಲಿಲ್ಲ, ಹಲ್ಲು ತೋರಿಸಲಿಲ್ಲ, ಗೋಡೆ ಹುಡುಕಿ ಕಾಲೆತ್ತಲಿಲ್ಲ. ಭಾನುವಾರ ಬೆಳಿಗ್ಗೆ ತಿರುಗಾಡಿಕೊಂಡು ಬಂದವನು, ಲಿಫ್ಟ್ ಕೆಟ್ಟಿದ್ದರಿಂದ ಮೆಟ್ಟಿಲು ಹತ್ತಿ, ಮೊದಲ ಮಹಡಿ ಮುಟ್ಟಿದೊಡನೆ ಮಠದ ಪಂಕ್ತಿಯಲ್ಲಿ ಪ್ರಸಾದಕ್ಕೆ ಕುಳಿತವನ ಗಾಂಭೀರ್ಯದಲ್ಲಿ ಕುಳಿತುಬಿಟ್ಟ.

"ಏಳಪಾ ಬಹಾದ್ದೂರ, ಹೋಗೂಣು" ಎಂದು ವಿಶ್ವನಾಥಪ್ಪ ಹಗ್ಗ ಜಗ್ಗಿದ. ನಾಯಿಗೆ ಕನ್ನಡ ಬರುವುದಿಲ್ಲವೆಂದು ನೆನಪಾಗಿ "ಉಠಿಯೇ ಜೀ" ಎಂದ. ಸರಕಾರಿ ನೌಕರಿ ಮಾಡಿ ನಿವೃತ್ತನಾದವನಿಗೆ ಹಿಂದಿಯಲ್ಲಿ ಏಕವಚನ ಹಚ್ಚಲು ಅವನಿಗೆ ಧೈರ್ಯವಿರಲಿಲ್ಲ.

ಅಷ್ಟರಲ್ಲಿ ಹಾಲಿನ ಚೀಲ ಹಿಡಿದು ಹರಿದಾಸ ಕಾಕಾ ಹತ್ತಿಬಂದರು. ಮೂರನೇ ಮಹಡಿಯವರು, ನಿವೃತ್ತರು. ನಾಶಿಕದಲ್ಲಿ ಅವರಿಗೆ ಗೊತ್ತಿಲ್ಲದ ವಿಷಯವಿದ್ದರೆ ಅದು ಇನ್ನೂ ನಡೆದಿಲ್ಲವೆಂದೇ ಅರ್ಥ. ನಾಯಿಯನ್ನು ನೋಡಿದ್ದೇ ಎರಡು ಮೆಟ್ಟಿಲು ಹಿಂದಕ್ಕಿಳಿದರು.

"ವಿಶ್ವನಾಥಪ್ಪಾ, ಹಗ್ಗಾ ಜಗ್ಗಬ್ಯಾಡ! ಉಸಿರೂ ಜೋರ್ ಬಿಡಬ್ಯಾಡ!"

"ಯಾಕ್ರಿ ಕಾಕಾ?"

"ಇದು ಸಿಆರ್‌ಪಿಎಫ್ ನಾಯಿ ಹೌದಿಲ್ಲೋ? ಬಾಂಬ್ ಹುಡುಕೋ ನಾಯಿ ಬೊಗಳೂದಿಲ್ಲಪಾ. ವಾಸನಿ ಬಂದ ಜಾಗಾದಾಗ ಸುಮ್ನ ಕುಂದರ್ತದ. ಹಂಗ ಟ್ರೇನಿಂಗ್ ಇರ್ತದ. ಈಗ ನೋಡು, ಹ್ಯಾಂಗ ಕುಂತದ!"

ವಿಶ್ವನಾಥಪ್ಪ ನೋಡಿದ. ಹಾಗೆ ನೋಡಿದರೆ, ಕುಳಿತಿದ್ದ ರೀತಿಯಲ್ಲಿ ಏನೋ ಇತ್ತು.

ವಿಶ್ವನಾಥಪ್ಪ ಮೂಲತಃ ಬೀದರ ಜಿಲ್ಲೆಯವನು, ಸಾತಪುರದ ಕಾರ್ಖಾನೆಯೊಂದರಲ್ಲಿ ಸ್ಟೋರ್ ಕ್ಲರ್ಕು. ಗ್ಯಾಸ್ ಬಂದ್ ಮಾಡಿದೆನೋ ಇಲ್ಲವೋ ಎಂದು ಬಸ್ ಸ್ಟಾಪಿನಿಂದ ಮರಳಿ ಬರುವ ಜಾತಿ. ಹರೆಯದಲ್ಲಿ ಸಿಆರ್‌ಪಿಎಫ್ ಸೇರಬೇಕೆಂದು ಪದೇ ಪದೇ ಭರ್ತಿಯ ಆಯ್ಕೆಗೆ ಹೋಗಿದ್ದ. ಎದೆ ಉಬ್ಬಿಸು ಅಂದಾಗಲೆಲ್ಲ ಅವನ ಹೊಟ್ಟೆ ಉಬ್ಬುತ್ತಿತ್ತು. ಪಡೆ ಅವನನ್ನು ತೆಗೆದುಕೊಳ್ಳಲಿಲ್ಲ. ಹೆಂಡತಿ ಪ್ರೇಮಾಬಾಯಿಯ ತಮ್ಮ ಮೈಲಾರಿಯನ್ನು ತೆಗೆದುಕೊಂಡಿತು. ಈಗ ಮೈಲಾರಿಯ ಸಂಗಡಿಗ ಬಹಾದ್ದೂರ ನಿವೃತ್ತನಾಗಿದ್ದ. ಪಡೆಯ ನಾಯಿಗಳು ನಿವೃತ್ತಿಯಾದ ಮೇಲೆ ಬೇಕಾದವರು ದತ್ತು ತೆಗೆದುಕೊಳ್ಳಬಹುದು. ಮೈಲಾರಿ ತೆಗೆದುಕೊಂಡ, ರಜೆ ಮುಗಿಯಿತೆಂದು ಛತ್ರಪತಿ ಸಂಭಾಜಿನಗರದ ಬಾಡಿಗೆ ಖೋಲಿ ಖಾಲಿ ಮಾಡಿ, ಅಕ್ಕನ ಮನೆಯಲ್ಲಿ ನಾಯಿ ಬಿಟ್ಟು ಹೊರಟ. ಪಡೆ ತನ್ನನ್ನು ಕರೆಯದಿದ್ದರೇನು, ಪಡೆಯ ಒಬ್ಬ ಸದಸ್ಯ ತನ್ನ ಮನೆಗೇ ಬಂದನೆಂದು ವಿಶ್ವನಾಥಪ್ಪ ಹಿಗ್ಗಿದ. ನಾಯಿಯ ಕೆಲಸ ಏನಿತ್ತೆಂದು ಮಾತ್ರ ಕೇಳಿರಲಿಲ್ಲ. ಕೇಳಿದರೆ ದೇಶದ ಗುಟ್ಟು ಕೇಳಿದಂತಾದೀತೆಂದು ಅಂಜಿದ್ದ.

ಆದರೆ ಬಿಲ್ಡಿಂಗಿನ ಮನೆಯವರ ಸೊಸೈಟಿ ಹಿಗ್ಗಲಿಲ್ಲ. ಇವತ್ತು ಸಂಜೆ ಪಾರ್ಕಿಂಗಿನಲ್ಲಿ ಸಭೆ. ವಿಷಯ ಒಂದೇ: ನಾಯಿ ಇರಬೇಕೋ ಹೋಗಬೇಕೋ. ಸಭೆ ಕರೆದವನು ಚೇರ್ಮನ್ ಸದಾನಂದ, ಯೇವಲೆಯ ಪೈಠಣಿ ಸೀರೆಗಳ ವ್ಯಾಪಾರಿ. ಪ್ರೇಮಾಬಾಯಿ ಬೆಳಿಗ್ಗೆಯೇ ಗಂಡನಿಗೆ ಹೇಳಿದ್ದಳು: "ತಮ್ಮಗ ಮಾತು ಕೊಟ್ಟೀನಿ. ನಾಯಿ ಹೋದ್ರ ಅದರ ಸಂಗಾಟ ನಾನೂ ಹೋಗ್ತೀನಿ. ಆಮ್ಯಾಲ ನೀವು ಮತ್ತ ನಿಮ್ಮ ಸೊಸೈಟಿ ಕೂಡಿ ರೊಟ್ಟಿ ಬಡ್ಕೋರಿ."

ಅಂಥ ದಿನ, ಅಂಥವನ ಬಾಗಿಲಲ್ಲೇ ಬಹಾದ್ದೂರ ಕೂತಿದ್ದ!

ಬಾಗಿಲು ತೆರೆಯಿತು. ಹೆಗಲ ಮೇಲೆ ಟಾವೆಲ್, ಬಾಯಲ್ಲಿ ಬ್ರಶ್, ಸದಾನಂದ ನಿಂತಿದ್ದ. "ಕಾಯ ಝಾಲಂ, ಏನಾತು? ನಾಯಿ ನಮ್ಮ ಮನಿಗೂ ಬಂತೇನು? ಇದಕ್ಕೇ ನಾ ಹೇಳೂದು..."

"ಸದಾನಂದಾ, ನಿನ್ನ ಮನಿಯಾಗ ಸ್ಫೋಟಕ ಅದ" ಎಂದರು ಹರಿದಾಸ ಕಾಕಾ ಪಿಸುದನಿಯಲ್ಲಿ. ಅವರ ಪಿಸುದನಿ ಗೋದಾವರಿಯ ಆಚೆ ದಡಕ್ಕೂ ಕೇಳುವಂಥದು.

ಸದಾನಂದನ ಬಾಯಿಯ ನೊರೆ ಗದ್ದಕ್ಕಿಳಿಯಿತು. ನಾಯಿಯನ್ನು ನೋಡಿದ. ನಾಯಿ ಅವನನ್ನೇ ನೋಡುತ್ತಿತ್ತು. "ಪಲ್ಲಂಗದ ಕೆಳಗ ಇಟ್ಟಿದ್ದು ಇದಕ್ಕ ಹ್ಯಾಂಗ ಗೊತ್ತಾತ್ರಿ?" ಎಂದವನೇ ಒಳಗೆ ಹೋಗಿ ದೊಡ್ಡ ರಟ್ಟಿನ ಡಬ್ಬಿಯೊಂದನ್ನು ತಳ್ಳಿಕೊಂಡು ಬಂದ. ಅದರ ತುಂಬ ದೀಪಾವಳಿಯ ಸುತಳಿ ಬಾಂಬು, ರಾಕೆಟ್ಟು! ಫ್ಲ್ಯಾಟಿನಲ್ಲಿ ಪಟಾಕಿ ಇಡಕೂಡದೆಂದು ಕೆಳಗೆ ನೋಟಿಸ್ ಹಚ್ಚಿದವನೇ ಅವನು.

"ಮಗನ ಲಗ್ನಕ್ಕ ಅಂತ ಉಳಿಸಿದ್ದೆ" ಎಂದ ಚೇರ್ಮನ್, ನೆಲ ನೋಡುತ್ತ.

ಸುದ್ದಿ ಮೆಟ್ಟಿಲಲ್ಲಿ ಮೇಲೂ ಕೆಳಗೂ ಒಟ್ಟಿಗೆ ಓಡಿತು. ಬಾಗಿಲುಗಳು ತೆರೆದವು. ವಿಶ್ವನಾಥಪ್ಪನ ಮಗಳು ವೈಷ್ಣವಿ ಮೊಬೈಲು ಎತ್ತಿ ಹಿಡಿದು ಇಳಿದು ಬಂದಳು. "ಪಪ್ಪಾ, ಥಾಂಬಾ ನಾ! ಬಹಾದ್ದೂರ್‌ಚಾ ಕ್ಲೋಸಪ್ ಪಾಹಿಜೆ!" ಎಂದು ಮರಾಠಿಯಲ್ಲಿ ಅಪ್ಪನನ್ನು ತಡೆದು ನಿಲ್ಲಿಸಿದಳು.

ಬಹಾದ್ದೂರ ಎದ್ದ. ಇಡೀ ಸೊಸೈಟಿ ಅವನ ಬೆನ್ನು ಹತ್ತಿತು.

ಹತ್ತುತ್ತ ಹತ್ತುತ್ತ ಹರಿದಾಸ ಕಾಕಾ ಭಾಷಣಕ್ಕೆ ಇಳಿದರು. "ಈ ಪಡೆ ಅಂದ್ರ ಹುಡುಗಾಟ ಅಲ್ಲ! ಬ್ರಿಟಿಷರು ನೀಮಚದಾಗ ಕಟ್ಟಿದ್ದು, ಸಂಸ್ಥಾನಗಳೊಳಗಿನ ಗದ್ದಲ ಅಡಗಿಸಲಿಕ್ಕೆ. ಸ್ವಾತಂತ್ರ್ಯ ಬಂದ ಮ್ಯಾಲ ಪಟೇಲರು ಹೊಸ ಹೆಸರು ಕೊಟ್ಟು ನಮ್ಮದು ಮಾಡ್ಕೊಂಡ್ರು. ಮೊದಮೊದಲು ಲದ್ದಾಖದ ಗಡಿ ಸುದ್ದಾ ಕಾದ್ರು. ಆಮ್ಯಾಲ ಗಲಭೆ, ಎಲೆಕ್ಷನ್, ಕಾಡು. ಬೆಳೀತ ಬೆಳೀತ..."

"ಈಗ ನಮ್ಮ ಮೆಟ್ಟಿಲ ತನಕ ಬಂತ್ರಿ" ಎಂದ ಹಿಂದಿನಿಂದ ಯಾರೋ.

ಎರಡನೇ ಮಹಡಿ. ಬಹಾದ್ದೂರ ನಿಂತ, ಬಾಯಿ ತೆರೆದು ನಾಲಿಗೆ ಇಳಿಬಿಟ್ಟ. ಜಯಮಾಲಾಬಾಯಿಯ ಬಾಗಿಲ ಮುಂದೆ ಕುಳಿತ.

"ಕುಂತಾ!" ಎಂದು ಗುಂಪು ಒಂದೇ ಕಂಠದಲ್ಲಿ ಕೂಗಿತು. ಕ್ರಿಕೆಟ್ಟಿನಲ್ಲಿ ವಿಕೆಟ್ ಬಿದ್ದಾಗಲೂ ಆ ಬಿಲ್ಡಿಂಗಿನಲ್ಲಿ ಅಷ್ಟು ಒಗ್ಗಟ್ಟು ಕಂಡಿರಲಿಲ್ಲ.

ಜಯಮಾಲಾಬಾಯಿ ಮನೆಯಲ್ಲೇ ಡಬ್ಬಿ ಊಟ ತಯಾರಿಸಿ ಕಾರ್ಖಾನೆಯ ಹುಡುಗರಿಗೆ ಕಳಿಸುವವಳು. ಜೋಳದ ಹಿಟ್ಟಿನ ಕೈಯಲ್ಲೇ ಹೊರಬಂದಳು. "ಏನ್ರಿ ಅಣ್ಣಾರೆ, ನಾಯಿ ಕರಕೊಂಡು ಬಂದೀರಿ? ನಾ ಯಾರಿಗಿ ಏನ್ ಮಾಡೀನಿ?"

"ನಾ ಏನೂ ಅಂದಿಲ್ಲಕ್ಕಾ" ಎಂದ ವಿಶ್ವನಾಥಪ್ಪ ಕಂಗಾಲಾಗಿ. "ಅವನೇ ಕುಂತಾನ."

ಜಯಮಾಲಾಬಾಯಿ ನಾಯಿಯ ಕಣ್ಣಲ್ಲಿ ಕಣ್ಣಿಟ್ಟಳು. ಎರಡು ಸಲ ರೆಪ್ಪೆ ಬಡಿಯುವಷ್ಟರಲ್ಲಿ ಸೋತಳು. "ಆತು ಮಾರಾಯಾ, ಹಂಗ ನೋಡಬ್ಯಾಡ! ಬಾಲ್ಕನಿಯಾಗ ತಾಡಪತ್ರಿ ಹೊಚ್ಚಿ ಸಿಲಿಂಡರ್ ಇಟ್ಟೀನಿ. ಆರು ಅವ. ಇವತ್ತೇ ತೆಗಸ್ತೀನಿ."

"ಆರು!" ಎಂದು ಸದಾನಂದ ಎದೆ ಹಿಡಿದುಕೊಂಡ. ಅವಳ ಬಾಲ್ಕನಿ ಸರಿಯಾಗಿ ಅವನ ಮಲಗುವ ಕೋಣೆಯ ಮೇಲಿತ್ತು. ತಾನು ಇಷ್ಟು ದಿನ ಕೆಳಗೆ ಪಟಾಕಿ, ಮೇಲೆ ಗ್ಯಾಸು, ನಡುವೆ ಚಟ್ನಿಯಂತೆ ಮಲಗಿದ್ದೆನೆಂದು ಅವನಿಗೆ ಆಗ ಹೊಳೆಯಿತು.

ಮೂರನೇ ಮಹಡಿಗೆ ಹರಿದಾಸ ಕಾಕಾ ಎಲ್ಲರಿಗಿಂತ ಮೊದಲು ಹತ್ತಿ, ತಮ್ಮ ಬಾಗಿಲಿಗೆ ಬೆನ್ನು ಹಚ್ಚಿ ನಿಂತರು. "ಇಲ್ಲೇನೂ ಇಲ್ಲ. ಮುಂದ ನಡೀರಿ, ಮುಂದ ನಡೀರಿ."

ಬಹಾದ್ದೂರ ಬಂದ. ಒಂದು ನಿಟ್ಟುಸಿರು ಬಿಟ್ಟ. ಕಾಕಾನ ಚಪ್ಪಲಿಯ ಮೇಲೆಯೇ ಕುಳಿತ.

"ಕುಂತಾ!"

"ಏ, ಇದು ವಾಸನಿ ತಪ್ಪಿ..." ಎಂದು ಕಾಕಾ ಏನೋ ಹೇಳಹೊರಟರು.

"ಕಾಕಾ, ಬ್ರಿಟಿಷರು ಕಟ್ಟಿದ ಪಡೆ, ಹುಡುಗಾಟ ಅಲ್ಲ ಅಂತ ಈಗ ನೀವೇ ಅಂದ್ರಿ" ಎಂದ ಸದಾನಂದ. ಬೆಳಗಿನಿಂದ ಮೊದಲ ಸಲ ಅವನ ಮುಖ ಅರಳಿತ್ತು.

ಕಾಕಾನ ಅಟ್ಟದಿಂದ ಪೆಟ್ರೋಲ್ ಇಳಿಯಿತು, ತಂಪು ಪಾನೀಯದ ದೊಡ್ಡ ಬಾಟಲಿಗಳಲ್ಲಿ. ಪಂಪುಗಳೆಲ್ಲ ಬಂದ್ ಆಗುತ್ತವೆಂದು ಎಂದೋ ವಾಟ್ಸಾಪಿನಲ್ಲಿ ಬಂದಿತ್ತಂತೆ.

ನಾಲ್ಕನೇ ಮಹಡಿಯಲ್ಲಿ ಬಹಾದ್ದೂರ ಎಲ್ಲಿಯೂ ಕೂರಲಿಲ್ಲ. ವಿಶ್ವನಾಥಪ್ಪನ ಬಾಗಿಲೊಳಗೆ ನೇರ ನುಗ್ಗಿ ಪ್ರೇಮಾಬಾಯಿಯ ಕೌದಿಯ ಮೇಲೆ ಮಲಗಿ ಗೊರಕೆ ಹೊಡೆದ.

"ನೋಡ್ರಿ, ಸ್ವಚ್ಛ ಮನಿ!" ಎಂದಳು ಜಯಮಾಲಾಬಾಯಿ, ಸ್ವಲ್ಪ ಹೊಟ್ಟೆಕಿಚ್ಚಿನಲ್ಲೇ.

ಆ ಮಧ್ಯಾಹ್ನದಂಥ ಮಧ್ಯಾಹ್ನ ವಿಶ್ವನಾಥಪ್ಪನ ಬಾಳಿನಲ್ಲಿ ಬಂದಿರಲಿಲ್ಲ. ಬೆಳಿಗ್ಗೆ ನಾಯಿ ಎಂದವರೆಲ್ಲ ಈಗ "ಬಹಾದ್ದೂರ್ ಸಾಹೇಬ್ರು ಉಂಡ್ರೇನ್ರಿ?" ಎಂದು ಕೇಳಿದರು. ಜಯಮಾಲಾಬಾಯಿ ತುಪ್ಪ ಹಚ್ಚಿದ ರೊಟ್ಟಿ ಕಳಿಸಿದಳು. ಸದಾನಂದ ಸ್ವತಃ ಬಂದು, ಸಭೆಯಲ್ಲಿ ಸಾಹೇಬರಿಗೆ ಹಾರ ಹಾಕುವುದಾಗಿ ಹೇಳಿ ಹೋದ. ವಿಶ್ವನಾಥಪ್ಪ ಕನ್ನಡಿಯ ಮುಂದೆ ನಿಂತು ಉಸಿರೆಳೆದು ನೋಡಿದ. ಎದೆ ತುಸು ಉಬ್ಬಿದಂತೆಯೇ ಕಂಡಿತು.

ಸಭೆಗೆ ಇಳಿಯುವ ಹೊತ್ತಿಗೆ ಮೈಲಾರಿಯ ಫೋನ್ ಬಂತು. ಹಿನ್ನೆಲೆಯಲ್ಲಿ ರೈಲ್ವೆ ಸ್ಟೇಷನ್ನಿನ ಗದ್ದಲ.

"ಮೈಲಾರಿ! ನಿನ್ನ ನಾಯಿ ಇವತ್ತ ಬಿಲ್ಡಿಂಗೇ ಉಳಿಸ್ತೋ! ಕುಂತಲ್ಲೆಲ್ಲಾ ಸ್ಫೋಟಕ ಸಿಕ್ತು! ಹೇಳಬಾರದೇನೋ, ಬಾಂಬ್ ನಾಯಿ ಅಂತ?"

ಆ ಕಡೆ ಮೈಲಾರಿ ನಕ್ಕ. "ಯಾರು, ಬಹಾದ್ದೂರನಾ? ಮಾಮಾ, ಅವ ಕ್ಯಾಂಪಿನ ಗೇಟ್ ಕಾಯಂವ! ಅವನ ಮೂಗಿನ ಕಥಿ ಕೇಳಬ್ಯಾಡ್ರಿ, ಊಟದ ಬಟ್ಟಲ ಮುಂದ ಇಟ್ಟು ಹೆಸರ ಹಿಡಿದು ಕರೀಬೇಕಾಗ್ತಿತ್ತು."

"ಮತ್ತ ಕುಂದರ್ತಾನಲ್ಲೋ!"

"ಟೊಂಕದ ಕೀಲು ಸವದಾವ್ರಿ. ಅದಕ್ಕೇ ಡಾಕ್ಟರ್ ರಿಟೈರ್ ಮಾಡ್ಸಿದ್ರು. ಒಂದು ಮಾಳಿಗಿ ಹತ್ತಿದ್ರ ಸಾಕು, ಕುಂತಬಿಡ್ತಾನ. ನಿಮ್ಮಲ್ಲಿ ಲಿಫ್ಟ್ ಅದ ಅಂತೇ ಬಿಟ್ಟು ಬಂದೀನಿ. ಮೆಟ್ಟಲಾ ಹತ್ತಿಸೀರಿ ಮತ್ತ! ಮಾಮಾ, ಗಾಡಿ ಬಂತು, ಇನ್ನ ಬರೀ ಕಾಡಿನ ದಾರಿ, ಫೋನ್ ಹತ್ತೂದಿಲ್ಲ, ಇಡ್ತೀನಿ."

ವಿಶ್ವನಾಥಪ್ಪನ ಎದೆ ತನ್ನ ಹಳೆಯ ಅಳತೆಗೆ ಮರಳಿತು. ನಿಜ ಹೇಳಿದರೆ ನಾಯಿ ಹೋಗುತ್ತದೆ, ಅದರ ಹಿಂದೆ ಹೆಂಡತಿ ಹೋಗುತ್ತಾಳೆ. ಹೇಳದಿದ್ದರೆ ನಾಳೆ ನಿಜವಾಗಿ ಏನಾದರೂ ಆದಾಗ ಎಲ್ಲರೂ ನಾಯಿಯನ್ನು ನಂಬಿ ಕೂತಿರುತ್ತಾರೆ. ಒಂದೊಂದು ಮೆಟ್ಟಿಲಿಗೆ ಒಂದೊಂದು ನಿರ್ಧಾರ ಮಾಡುತ್ತ, ಬಹಾದ್ದೂರನನ್ನು ಸೊಂಟಕ್ಕೆ ಕೈ ಆಸರೆ ಕೊಟ್ಟು ಇಳಿಸಿಕೊಂಡು ಬಂದ.

ಪಾರ್ಕಿಂಗಿನಲ್ಲಿ ಕುರ್ಚಿಗಳು ತುಂಬಿದ್ದವು. ಸದಾನಂದ ಚೆಂಡುಹೂವಿನ ಹಾರ ಹಾಕಿದ. ಚಪ್ಪಾಳೆ ಬಿದ್ದವು. "ಬಹಾದ್ದೂರ್ ಸಾಹೇಬ್ರು ಈ ಸೊಸೈಟಿಯ ಭದ್ರತಾ ಅಧಿಕಾರಿ ಅಂತ ಠರಾವು ಮಾಡೂಣು. ಸಾಹೇಬ್ರನ್ನ ತಂದುಕೊಟ್ಟ ವಿಶ್ವನಾಥಪ್ಪ ಈಗ ಎರಡು ಮಾತು ಹೇಳಬೇಕು."

ವಿಶ್ವನಾಥಪ್ಪ ಎದ್ದು ನಡುವೆ ಬಂದು ನಿಂತ. ಬಹಾದ್ದೂರ ಹಾರ ಎಳೆದುಕೊಂಡು ಅವನ ಹಿಂದೆಯೇ ಬಂದ. ನಾಲ್ಕು ಮಹಡಿ ಇಳಿದ ಕಾಲು ಎಷ್ಟು ಹೊತ್ತು ತಡೆದೀತು? ವಿಶ್ವನಾಥಪ್ಪನ ಪಾದದ ಬಳಿ ನಿಂತು, ಅವನ ಮುಖವನ್ನೇ ನೋಡಿ, ಮೆಲ್ಲಗೆ ಕುಳಿತ.

ಚಪ್ಪಾಳೆ ನಿಂತವು. ಮುಂದಿನ ಸಾಲಿನ ಕುರ್ಚಿಗಳು ತಾವೇ ಹಿಂದೆ ಸರಿದವು.

"ಕುಂತಾ..." ಎಂದರು ಹರಿದಾಸ ಕಾಕಾ. ಈ ಸಲ ನಿಜವಾದ ಪಿಸುದನಿ.

"ಇಲ್ರಿ! ಅವನ ಟೊಂಕ ಬ್ಯಾನಿ ಅದರಿ!" ವಿಶ್ವನಾಥಪ್ಪ ಕೂಗಿದ. "ಅವ ಬಾಂಬ್ ನಾಯೇ ಅಲ್ಲ! ಈಗ ಮೈಲಾರಿ ಫೋನ್ ಮಾಡಿದ್ದ!"

"ಬೆಳಿಗ್ಗೆ ನಮ್ಮ ಬಾಗಿಲಾಗ ಕುಂತಾಗ ಟೊಂಕ ನೆಟ್ಟಗಿತ್ತು?" ಎಂದಳು ಜಯಮಾಲಾಬಾಯಿ. "ನಾವು ಕದ್ದು ಇಟ್ಟದ್ದು ಖರೇ ಇತ್ತು, ತಗದು ಕೊಟ್ವಿ. ನಿಮ್ಮ ಸರದಿ ಬಂದ್ರ ನಾಯಿಗಿ ಟೊಂಕ ಬ್ಯಾನಿ?"

"ಹಚ್ಚು ಮೈಲಾರಿಗಿ ಫೋನ್!" ಎಂದ ಸದಾನಂದ.

ಹಚ್ಚಿದರು. ಫೋನು ವ್ಯಾಪ್ತಿಯ ಹೊರಗಿತ್ತು.

ನಾಲ್ವರು ಮೇಲೆ ಹೋಗಿ ಮನೆ ಜಾಲಾಡಿ ಬಂದರು. ಹಿಟ್ಟಿನ ಡಬ್ಬಿಗೂ ಕೈ ಹಾಕಿದ್ದರು. ಏನೂ ಸಿಗಲಿಲ್ಲ. ವಿಶ್ವನಾಥಪ್ಪ ಉಸಿರು ಬಿಡುವಷ್ಟರಲ್ಲಿ ಹರಿದಾಸ ಕಾಕಾ ತಲೆಯಾಡಿಸಿದರು. "ಎಷ್ಟ ಚಲೋ ಬಚ್ಚಿಟ್ಟಾನ ನೋಡ್ರಿ. ನಾವೆಲ್ಲಾ ಇವನ ಮುಂದ ಹಸುಗೂಸು."

"ರೀ, ಏನರೇ ಇದ್ರ ಹೇಳಿಬಿಡ್ರಿ" ಎಂದಳು ಪ್ರೇಮಾಬಾಯಿ ಮೆತ್ತಗೆ. "ನಾ ಸಿಟ್ಟ ಆಗೂದಿಲ್ಲ."

ಎಲ್ಲರೂ ನೋಡುತ್ತಿದ್ದರು. ಬಹಾದ್ದೂರನೂ ನೋಡುತ್ತಿದ್ದ. ವಿಶ್ವನಾಥಪ್ಪನಿಗೇ ಅನುಮಾನ ಬಂತು. ಯಾವುದಕ್ಕೂ ಇರಲಿ ಎಂದು ಒಮ್ಮೆ ತನ್ನ ಜೇಬು ಮುಟ್ಟಿ ನೋಡಿಕೊಂಡ. ಅದನ್ನು ಇಡೀ ಸಭೆ ಗಮನಿಸಿತು.

ಸದಾನಂದ ಗಂಟಲು ಸರಿಪಡಿಸಿಕೊಂಡ. "ಹಾಂ, ಸಭೆ ಮುಂದುವರಸೂಣು. ಬಹಾದ್ದೂರ್ ಸಾಹೇಬ್ರು ಇಲ್ಲೇ ಇರಬೇಕು ಅನ್ನೋರು ಕೈ ಎತ್ತರಿ."

ಎಲ್ಲ ಕೈಗಳೂ ಎದ್ದವು. ವಿಶ್ವನಾಥಪ್ಪನೂ ಎತ್ತಿದ.

"ವಿಶ್ವನಾಥಪ್ಪ ಇರಬೇಕು ಅನ್ನೋರು?"

ಎದ್ದ ಕೈಗಳು ಒಂದೊಂದಾಗಿ ಇಳಿದವು. ಪ್ರೇಮಾಬಾಯಿಯ ಎರಡೂ ಕೈಗಳು ಬಹಾದ್ದೂರನ ಟೊಂಕ ನೀವುವುದರಲ್ಲಿ ತೊಡಗಿದ್ದವು. ವೈಷ್ಣವಿಯ ಕೈ ಎದ್ದೇ ಇತ್ತು, ಆದರೆ ಅದರಲ್ಲಿ ಮೊಬೈಲಿತ್ತು. ಶೂಟಿಂಗಿನ ಕೈ ಲೆಕ್ಕಕ್ಕಿಲ್ಲವೆಂದು ಚೇರ್ಮನ್ ತೀರ್ಪು ಕೊಟ್ಟ.

ಉಳಿದದ್ದು ಒಂದೇ ಕೈ, ವಿಶ್ವನಾಥಪ್ಪನದು. ತನ್ನ ವಿಷಯಕ್ಕೆ ತಾನೇ ಮತ ಹಾಕುವುದು ಸೊಸೈಟಿಯ ನಿಯಮದಲ್ಲಿ ಸರಿಯೋ ತಪ್ಪೋ ಎಂದು ಅವನು ಒಂದು ಕ್ಷಣ ಯೋಚಿಸಿದ. ತಪ್ಪಿದ್ದರೂ ಇರಬಹುದೆನ್ನಿಸಿ ಮೆಲ್ಲಗೆ ಕೆಳಗಿಳಿಸಿದ.