ಭಾವನ ಬಂದೂಕಿಗೆ ನಾನು ಜಾಮೀನು

ನ್ಯೂಜಿಲೆಂಡಿನಲ್ಲಿ ಬಂದೂಕು ಇಟ್ಟುಕೊಂಡವರ ಪೈಕಿ ಅತ್ಯಂತ ನಿರುಪದ್ರವಿ ಯಾರು ಎಂದು ಸರ್ಕಾರ ಎಂದಾದರೂ ಸ್ಪರ್ಧೆ ಇಟ್ಟರೆ ಮೊದಲನೆಯ ಬಹುಮಾನ ನಮ್ಮ ಭಾವನಿಗೇ ಸಲ್ಲಬೇಕು. ಎರಡನೆಯದನ್ನೂ ಅವರಿಗೇ ಕೊಟ್ಟರೆ ಯಾರೂ ತಕರಾರು ಮಾಡಲಾರರು. ಜಿರಳೆ ಕಂಡರೆ ಕುರ್ಚಿ ಹತ್ತುವ, ಹುಟ್ಟುಹಬ್ಬದ ಕೇಕಿಗೆ ಮೊಟ್ಟೆ ಹಾಕಿದ್ದಾರೋ ಎಂದು ಮೂರು ಸಲ ಮೂಸುವ ಈ ನಿವೃತ್ತ ಪೈಪ್ ಇಂಜಿನಿಯರ್ ಪಾಪಕುರಾ ಎಂಬ ಬಡಾವಣೆಯ ತಮ್ಮ ಮನೆಯಲ್ಲಿ ಮಹಾಯುದ್ಧದ ಕಾಲದ ರೈಫಲ್ ಒಂದನ್ನು ಸಾಕಿಕೊಂಡಿದ್ದಾರೆ. ಅದೂ ಸಾಮಾನ್ಯದ್ದಲ್ಲ, ಗ್ರೆನೇಡ್ ಹಾರಿಸುವ ರೈಫಲ್! ಆದರೆ ಹಾರಿಸಲು ಅವರ ಹತ್ತಿರ ಗ್ರೆನೇಡ್ ಇಲ್ಲ, ಗ್ರೆನೇಡ್ ಕೂರಿಸುವ ಬಟ್ಟಲಿಲ್ಲ, ಗುಂಡಂತೂ ಇಲ್ಲವೇ ಇಲ್ಲ. ಇಷ್ಟೆಲ್ಲ ಇಲ್ಲಗಳ ನಡುವೆ ಇರುವುದು ಭಾವನ ಬಾಯಿ ಒಂದೇ, ಅದಕ್ಕೆ ಮಾತ್ರ ಯಾವ ಲೈಸೆನ್ಸೂ ಬೇಕಿಲ್ಲ.

ಇದನ್ನೆಲ್ಲ ಈಗ ಯಾಕೆ ಹೇಳುತ್ತಿದ್ದೇನೆ ಎಂದರೆ, ಭಾವನ ಬಂದೂಕಿನ ಲೈಸೆನ್ಸ್ ಈ ವರ್ಷ ನವೀಕರಣಕ್ಕೆ ಬಂದಿದೆ. ಇಲ್ಲಿಯ ಪದ್ಧತಿ ವಿಚಿತ್ರ. ಬಂದೂಕು ಬೇಕೆಂದವನು ತಾನು ಒಳ್ಳೆಯವನೆಂದು ಹೇಳಿಕೊಂಡರೆ ಸಾಲದು, ಅವನ ಹತ್ತಿರದವರೊಬ್ಬರನ್ನು ಅಧಿಕಾರಿಗಳು ಬೇರೆಯಾಗಿ ಕೂರಿಸಿಕೊಂಡು ವಿಚಾರಿಸುತ್ತಾರೆ. ಕಳೆದ ಸಲ ಆ ಕೆಲಸ ನನ್ನ ಅಕ್ಕನದಾಗಿತ್ತು. ಅಕ್ಕ ಹೋಗಿ ವರ್ಷ ಕಳೆಯಿತು, ಅವರಿಗೆ ಮಕ್ಕಳಿಲ್ಲ. ಹಾಗಾಗಿ ಈ ಸಲ ಭಾವ ನನ್ನ ಹೆಸರು ಕೊಟ್ಟಿದ್ದಾರೆ. ಮದುವೆ ಮಂಟಪದಲ್ಲಿ ಚಪ್ಪಲಿ ಕದ್ದ ದಿನದಿಂದ ಅವರನ್ನು ಗೇಲಿ ಮಾಡುತ್ತಲೇ ಬಂದಿರುವ ನಾದಿನಿಯನ್ನು ನಂಬಿ ಲೈಸೆನ್ಸ್ ಕೇಳುವ ಮನುಷ್ಯನ ಬುದ್ಧಿ ಸ್ಥಿಮಿತದಲ್ಲಿದೆ ಎಂದು ನಾನು ಹೇಗೆ ಬರೆದುಕೊಡಲಿ?

ಹುಚ್ಚು ಶುರುವಾದದ್ದು ಏವನ್‌ಡೇಲ್‌ನ ಭಾನುವಾರದ ಸಂತೆಯಲ್ಲಿ. ಅಕ್ಕ ಮೆಂತ್ಯ ಸೊಪ್ಪು ತನ್ನಿ ಎಂದು ಕಳಿಸಿದ್ದಳು. ಭಾವ ತಂದದ್ದು ಮಿಲಿಟರಿ ಮಾಲಿನ ಒಂದು ಹಸಿರು ಕ್ಯಾನ್ವಾಸ್ ಚೀಲ. ಯಾವ ಸಿಪಾಯಿಯ ಬೆವರೋ, ಯಾವ ಇಲಿಯ ಉಪಕಾರವೋ, ಕಾರಿನ ಕಿಟಕಿ ಇಳಿಸಿಕೊಂಡೇ ಮನೆಗೆ ಬರಬೇಕಾಯಿತಂತೆ. "ಇದರಲ್ಲಿ ಸೈನಿಕರು ಗ್ರೆನೇಡ್ ಹೊತ್ಕೊಂಡು ಹೋಗ್ತಿದ್ರು ಕಣೇ" ಎಂದು ಭಾವ ಅದನ್ನು ಅಡುಗೆಮನೆಯ ಕಟ್ಟೆಯ ಮೇಲಿಟ್ಟರು. ಅಕ್ಕ ಅದನ್ನು ಬಿಸಿನೀರಲ್ಲಿ ಅದ್ದಿ, ಒಗೆದು, ಒಣಗಿಸಿ, ಆಲೂಗಡ್ಡೆ ತುಂಬಿಟ್ಟಳು. ಮುಂದಿನ ಹಲವು ವರ್ಷ ಆ ಮನೆಯ ಹುಳಿಗೆ ಆಲೂಗಡ್ಡೆ ಸರಬರಾಜಾದದ್ದು ಅದರಿಂದಲೇ.

ಚೀಲ ಬಂದ ಮೇಲೆ ಚೀಲಕ್ಕೊಂದು ಬಂದೂಕು ಬೇಡವೇ? ಇಲ್ಲಿಗೆ ಬಂದ ನಮ್ಮವರು ಏನೇನೋ ಕೊಳ್ಳುತ್ತಾರೆ. ಈಜು ಬಾರದವರು ದೋಣಿ ಕೊಳ್ಳುತ್ತಾರೆ, ವರ್ಷಕ್ಕೊಮ್ಮೆ ಕಸ ಸಾಗಿಸುವವರು ಯೂಟ್ ಎಂಬ ಸಾಮಾನು ಸಾಗಿಸುವ ಗಾಡಿ ಕೊಳ್ಳುತ್ತಾರೆ, ಆಮೇಲೆ ಅದರ ಪಕ್ಕ ನಿಂತು ಫೋಟೊ ತೆಗೆಸಿ ಊರಿಗೆ ಕಳಿಸುತ್ತಾರೆ. ಭಾವ ಕೊಂಡದ್ದು ತ್ರೀ-ನಾಟ್-ತ್ರೀ. ನಮ್ಮ ಕಡೆಯ ಪೊಲೀಸ್ ಸ್ಟೇಷನ್ ಬಾಗಿಲಲ್ಲಿ ಪೇದೆಯ ಜೊತೆ ತಾನೂ ತೂಕಡಿಸುತ್ತಿತ್ತಲ್ಲ, ಅದೇ ಜಾತಿ. ಆದರೆ ಇದರ ಮುಂಭಾಗದ ಮರಕ್ಕೆ ಒತ್ತೊತ್ತಾಗಿ ತಂತಿ ಸುತ್ತಿದೆ. ಮೊದಲ ಸಲ ನೋಡಿದಾಗ ನಾನು, "ಪಾಪ, ಮುರಿದು ಹೋಗಿರೋದನ್ನ ನಿಮ್ಮ ತಲೆಗೆ ಕಟ್ಟಿದಾರೆ ಭಾವ" ಎಂದೆ. ಅಷ್ಟು ಸಾಕಾಯಿತು. ಅಂದು ಶುರುವಾದ ಉಪನ್ಯಾಸ ಇನ್ನೂ ಮುಗಿದಿಲ್ಲ.

ಉಪನ್ಯಾಸದ ಸಾರವನ್ನು ನಿಮಗೂ ಹೇಳಿಬಿಡುತ್ತೇನೆ, ನಾನೊಬ್ಬಳೇ ಯಾಕೆ ಅನುಭವಿಸಬೇಕು? ಮೊದಲ ಮಹಾಯುದ್ಧದಲ್ಲಿ ಸೈನಿಕರು ಕಂದಕದೊಳಗೆ ಕೂತಿದ್ದರು. ಕೈಯಿಂದ ಎಸೆದ ಬಾಂಬು ಎದುರಿನ ಕಂದಕ ಮುಟ್ಟುತ್ತಿರಲಿಲ್ಲ. ಹಾಗಾಗಿ ಬಾಂಬಿನ ಬುಡಕ್ಕೆ ಒಂದು ಕಬ್ಬಿಣದ ಕಡ್ಡಿ ಸಿಕ್ಕಿಸಿ, ಕಡ್ಡಿಯನ್ನು ಬಂದೂಕಿನ ನಳಿಗೆಯೊಳಗೆ ಇಳಿಬಿಟ್ಟು, ಗುಂಡಿಲ್ಲದ ಬರೀ ಮದ್ದಿನ ತೋಟಾ ಹಾರಿಸಿದರು. ಬಾಂಬೇನೋ ಹೋಯಿತು, ಜೊತೆಗೆ ನಳಿಗೆಯೂ ಹಾಳಾಯಿತು. ಆಮೇಲೆ ಯಾರೋ ಪುಣ್ಯಾತ್ಮರು ನಳಿಗೆಯ ತುದಿಗೆ ಬಟ್ಟಲು ಕೂರಿಸುವುದನ್ನು ಕಂಡುಹಿಡಿದರು. ಅದರಲ್ಲಿ ಬಾಂಬಿಟ್ಟು ಹಾರಿಸಿದರೆ ಒದೆತಕ್ಕೆ ಬಂದೂಕಿನ ಮರವೇ ಸೀಳುತ್ತಿತ್ತು. ಅದಕ್ಕೇ ತಂತಿ. ಗುರಿ ಹಿಡಿಯಲು ಲಾಯಕ್ಕಿಲ್ಲದಷ್ಟು ಸವೆದ ಬಂದೂಕುಗಳನ್ನು ಹುಡುಕಿ, ತಂತಿ ಬಿಗಿದು, ಈ ಕೆಲಸಕ್ಕೆ ಹಾಕುತ್ತಿದ್ದರಂತೆ. ನಮ್ಮ ದೇಶದಲ್ಲೂ ಇಂಥವು ತಯಾರಾಗುತ್ತಿದ್ದವು, ತನ್ನದು ಅಲ್ಲಿಯದೇ ಎಂದು ಭಾವ ಹೇಳುವಾಗ ತಾನೇ ಹೆತ್ತಷ್ಟು ಹೆಮ್ಮೆ!

ಗ್ರೆನೇಡ್ ಬಟ್ಟಲನ್ನು ಮನೆಯಲ್ಲಿಟ್ಟುಕೊಳ್ಳಲು ಭಾವನ ಲೈಸೆನ್ಸ್ ಒಪ್ಪುವುದಿಲ್ಲ. ಹಾಗಂತ ಭಾವ ಬಿಡುತ್ತಾರೆಯೇ? ಸ್ಯಾಂಡ್ರಿಂಗಮ್‌ನ ನಮ್ಮ ಮನೆಯ ಗೃಹಪ್ರವೇಶದ ದಿನ, ಊಟ ಮುಗಿಸಿ ಎಲೆಅಡಿಕೆ ಹಾಕುತ್ತಿದ್ದ ನೆಂಟರ ನಡುವೆ ಪೊರಕೆಯೊಂದಿಗೆ ಪ್ರತ್ಯಕ್ಷರಾದರು. ಪೊರಕೆಯ ಕೋಲಿನ ತುದಿಗೆ ಟೇಪಿನಿಂದ ನನ್ನ ಸ್ಟೀಲ್ ಲೋಟ ಅಂಟಿಸಿತ್ತು. ಲೋಟದೊಳಗೆ ಪಕ್ಕದ ಮನೆಯವರು ಕೊಟ್ಟ ಫೀಜೋವಾ ಹಣ್ಣು, ಹಸಿರು ಬಣ್ಣ, ಮೊಟ್ಟೆಯ ಆಕಾರ, ಥೇಟ್ ಗ್ರೆನೇಡು. "ನೋಡಿ, ಲೋಟದ ಗೋಡೆ ಗ್ರೆನೇಡಿನ ಪಕ್ಕದ ಲಿವರ್ ಕಡ್ಡೀನ ಒತ್ತಿ ಹಿಡ್ದಿರತ್ತೆ. ಹಾರಿದ ಮೇಲೇನೇ ಬಿಡೋದು" ಎಂದು ಕೋಲನ್ನು ನೆಲಕ್ಕೆ ಕುಟ್ಟಿದರು. ಫೀಜೋವಾ ಹಾರಿತು. ಪುರೋಹಿತರ ಶಲ್ಯದ ಮೇಲೆ ಬಿದ್ದು ಒಡೆಯಿತು. ನನ್ನ ಮಗಳು, "ದೊಡ್ಡಪ್ಪ, ಡೂ ಇಟ್ ಅಗೇನ್" ಎಂದಳು. ಅಕ್ಕ ಮಾತ್ರ ತಲೆಯೆತ್ತದೆ ತಾಂಬೂಲದ ಚೀಲಗಳನ್ನು ಜೋಡಿಸುತ್ತ, "ಹೋಗ್ಲಿ ಬಿಡಿ, ಇವರು ಗುರಿಯಿಟ್ಟಿದ್ದು ತಗಲಿದ್ದು ಇದೇ ಮೊದಲು" ಎಂದಳು.

ಬಂದೂಕಿಗೆಂದು ಗೋಡೆಗೆ ಬೋಲ್ಟು ಹಾಕಿದ ಒಂದು ಉಕ್ಕಿನ ಬೀರು ಬೇಕು, ಅದರ ಬೀಗದಕೈ ಲೈಸೆನ್ಸ್ ಇದ್ದವರನ್ನು ಬಿಟ್ಟು ಬೇರೆ ಯಾರ ಕೈಗೂ ಸಿಗಬಾರದು, ಹೆಂಡತಿಗೂ ಕೂಡದು. ಇದು ಕಾನೂನು. ಕಾನೂನು ಮಾಡಿದವರು ಭಾವನ ಮನೆ ನೋಡಿರಲಿಲ್ಲ ಎನ್ನುವುದು ಸ್ಪಷ್ಟ. ಕಾಲುಚೀಲ ಎಲ್ಲಿದೆ, ಕನ್ನಡಕ ಎಲ್ಲಿದೆ, ತಾನು ಎಲ್ಲಿದ್ದೇನೆ ಎಂಬುದನ್ನೆಲ್ಲ ಅಕ್ಕನನ್ನೇ ಕೇಳಿ ತಿಳಿಯುತ್ತಿದ್ದ ಮನುಷ್ಯ ಬೀಗದಕೈಯನ್ನು ಬಲು ಜಾಣತನದಿಂದ ಬಚ್ಚಿಟ್ಟು ವಾರದೊಳಗೆ ಮರೆತರು. ಕೇಳುವಂತಿಲ್ಲ. ಮಂಚದಡಿ ತೂರಿದರು, ಬೂಟಿನೊಳಗೆ ಕೈಹಾಕಿದರು, ರವೆ ಡಬ್ಬಿ ಬೋರಲು ಹಾಕಿದರು. ಅಕ್ಕ ಕಾಫಿ ಕುಡಿಯುತ್ತ ಸೋಫಾದಲ್ಲಿ ಕೂತಿದ್ದಳು.

"ಏನು ಹುಡುಕ್ತಿದೀರಾ?"

"ಏನಿಲ್ಲ."

"ನಂಗೆ ಗೊತ್ತು ಅದೆಲ್ಲಿದೆ ಅಂತ. ಆದ್ರೆ ಹೇಳಿದ್ರೆ ನಿಮ್ಮ ಲೈಸೆನ್ಸ್ ಹೋಗತ್ತೆ. ಹುಡುಕಿ, ಹುಡುಕಿ."

ಇನ್ನು ಪಕ್ಕದ ಮನೆಯ ಕಿವಿ ಮುದುಕನ ಕಥೆ; ಕಿವಿ ಎಂದರೆ ಕೇಳುವ ಕಿವಿಯಲ್ಲ, ಈ ದೇಶದವರನ್ನು ಕರೆಯುವುದೇ ಹಾಗೆ. ಭಾವನ ಹತ್ತಿರ ತ್ರೀ-ನಾಟ್-ತ್ರೀ ಇದೆ ಎಂದು ತಿಳಿದ ಆತ ಇವರೂ ಬೇಟೆಗಾರರೆಂದು ತೀರ್ಮಾನಿಸಿ, ಪ್ರೀತಿಯಿಂದ ಒಂದು ಜಿಂಕೆಯ ತೊಡೆಯನ್ನು ಪ್ಲಾಸ್ಟಿಕ್ಕಿನಲ್ಲಿ ಸುತ್ತಿ ತಂದುಕೊಟ್ಟ. ಬಾಗಿಲು ತೆಗೆದ ಭಾವ ಅದನ್ನು ಎರಡು ಕೈಯಲ್ಲಿ ಹಿಡಿದು ನಿಂತಲ್ಲೇ ಕಂಬವಾದರು. ಮುದುಕ ಹೇಳಿದ: ಯುದ್ಧ ಮುಗಿದ ಮೇಲೆ ಮಿಲಿಟರಿಯವರು ಈ ರೈಫಲ್‌ಗಳನ್ನು ಮೂರು ಕಾಸಿಗೆ ಮಾರಿದರು, ನಮ್ಮಪ್ಪನೂ ಒಂದು ಕೊಂಡ, ಬೆಟ್ಟ ಹತ್ತುವಾಗ ಭಾರವಾಗದಿರಲಿ ಎಂದು ಮುಂದಿನ ಮರವನ್ನು ಗರಗಸದಲ್ಲಿ ಕತ್ತರಿಸಿ ಬಿಸಾಡಿದ. ಇದನ್ನು ಕೇಳಿ ಭಾವನ ಕಣ್ಣಲ್ಲಿ ನೀರು ಬಂತು. ಜಿಂಕೆಗಾಗಿ ಅಲ್ಲ, ಮರಕ್ಕಾಗಿ! ಆ ತೊಡೆಯನ್ನು ಮಾತ್ರ ಇಕ್ಕುಳದಲ್ಲಿ ಹಿಡಿದು ಇನ್ನೊಂದು ಪಕ್ಕದ ಮನೆಗೆ ದಾನ ಮಾಡಲಾಯಿತು, ಅಕ್ಕ ಇಡೀ ಮನೆ ಒರೆಸಿದಳು.

ಅಕ್ಕ ಹೋದ ಮೇಲೆ ಈ ಇತಿಹಾಸವೆಲ್ಲ ನನ್ನ ಪಾಲಿಗೆ ಬಂತು. ಪ್ರತಿ ಶನಿವಾರ ಭಾವ ರೈಲು ಹಿಡಿದು, ಬಸ್ಸು ಹಿಡಿದು ನಮ್ಮ ಮನೆಗೆ ಬರುತ್ತಾರೆ. ಕಾರಿದೆ, ಆದರೆ ಕಾರಿನಲ್ಲಿ ಪಕ್ಕಕ್ಕೆ ಯಾರು ಕೂರುತ್ತಾರೆ, ಯಾರಿಗೆ ಉಪನ್ಯಾಸ? ಬಸ್ಸಿನಲ್ಲಿ ಒಬ್ಬ ಗಡ್ಡದ ಕಂದು ಮನುಷ್ಯ ಗಟ್ಟಿ ದನಿಯಲ್ಲಿ ಗ್ರೆನೇಡ್, ಗ್ರೆನೇಡ್ ಎನ್ನುತ್ತಿದ್ದರೆ ಸುತ್ತಲಿನವರ ಮುಖ ಹೇಗಾಗುತ್ತದೆ ಎಂಬ ಪರಿವೆಯೇ ಈ ಪುಣ್ಯಾತ್ಮನಿಗಿಲ್ಲ.

"ಭಾವ, ಬಸ್ಸಲ್ಲಿ ಆ ಪದ ಬೇಡ" ಎಂದೆ.

"ಮತ್ತೇನಂತ ಹೇಳ್ಲಿ?"

"ಫೀಜೋವಾ ಅನ್ನಿ."

ಮುಂದಿನ ಶನಿವಾರ ಬಂದವರೇ ದೂರಿದರು. ಒಬ್ಬಳು ಕಾಲೇಜು ಹುಡುಗಿ ಸ್ಯಾಂಡ್ರಿಂಗಮ್ ರೋಡು ಮುಗಿಯುವವರೆಗೂ ಕೇಳಿಸಿಕೊಂಡು, ಕೊನೆಗೆ ಜಾಮ್ ಮಾಡುವ ವಿಧಾನ ಕೇಳಿದಳಂತೆ.

ಲೈಸೆನ್ಸಿನ ಅಧಿಕಾರಿ ಮೊನ್ನೆ ನಮ್ಮ ಮನೆಗೆ ಬಂದಳು. ನನ್ನಷ್ಟೇ ವಯಸ್ಸಿನ, ಮೆತ್ತಗೆ ಮಾತಾಡುವ ಕಿವಿ ಹೆಂಗಸು. ಚಹಾ ಕೊಟ್ಟೆ. ಅವಳು ಕೇಳಿದ್ದೆಲ್ಲ ಇಂಗ್ಲಿಷಿನಲ್ಲಿ, ನಿಮಗೆ ಕನ್ನಡದಲ್ಲಿ ಹೇಳುತ್ತೇನೆ. ಅವರಿಗೆ ಸಿಟ್ಟು ಬರುತ್ತದೆಯೇ? ಯಾರಾದರೂ ಹಳೆಯ ಮಿಲಿಟರಿ ರೈಫಲ್ಲಿನ ಮರ ಕತ್ತರಿಸಿದರೆ ಬರುತ್ತದೆ. ಕುಡಿಯುತ್ತಾರೆಯೇ? ಮಜ್ಜಿಗೆ. ಯಾರನ್ನಾದರೂ ಹೆದರಿಸಿದ್ದಾರೆಯೇ? ನೆಂಟರೆಲ್ಲರನ್ನೂ, ಬಾಯಿ ತೆರೆದರೆ ಸಾಕು. ಅವಳು ನಗುತ್ತ ನಗುತ್ತ ಬರೆದುಕೊಂಡಳು. ಭಾವನ ಬಂದೂಕು ಉಳಿಯಿತು ಎಂದುಕೊಂಡೆ.

ಆಮೇಲೆ ಪೆನ್ನು ಕೆಳಗಿಟ್ಟು ಅವಳು ಕೇಳಿದಳು: "ನಿಮ್ಮ ಅಕ್ಕ ತೀರಿಕೊಂಡಿದ್ದಾರೆ. ನಿಮ್ಮ ಭಾವ ಆ ಮನೆಯಲ್ಲಿ ಒಬ್ಬರೇ ಇದ್ದಾರೆ. ಬಂದೂಕಿನ ಜೊತೆ ಅವರನ್ನ ಬಿಡೋಕೆ ನಿಮಗೆ ಭಯ ಇದೆಯಾ?"

ಇದಕ್ಕೂ ಒಂದು ತಮಾಷೆ ನಾಲಿಗೆಯ ತುದಿಯಲ್ಲಿತ್ತು. ಹೊರಗೆ ಬರಲಿಲ್ಲ. ಕಳೆದ ಚಳಿಗಾಲದಿಂದ ಭಾವ ಹಾಕಿಕೊಂಡು ಬರುವ ಸ್ವೆಟರಿನ ಗುಂಡಿಗಳು ಒಂದೊಂದಾಗಿ ಉದುರಿದ್ದು ನೆನಪಾಯಿತು. ನಮ್ಮ ಮನೆಯಲ್ಲಿ ಅವರು ಎರಡೆರಡು ಸಲ ಸಾರು ಹಾಕಿಸಿಕೊಳ್ಳುವುದು, ಕೊನೆಯ ಬಸ್ಸಿನ ಹೊತ್ತಾದರೂ ಏಳದಿರುವುದು.

"ಬಂದೂಕಿನ ಜೊತೆ ಬಿಡೋಕೆ ನನಗೆ ಭಯ ಇಲ್ಲ" ಎಂದೆ. "ಒಬ್ಬರನ್ನೇ ಬಿಡೋಕೆ ಭಯ."

ಅವಳು ಏನೂ ಬರೆದುಕೊಳ್ಳಲಿಲ್ಲ. ಹಾಗಾದರೆ ಏನು ಮಾಡುತ್ತೀರಿ ಎಂದು ಕೇಳಿದಳು. ಬಂದೂಕಿನ ಬೀರು ಇನ್ನು ಮುಂದೆ ನಮ್ಮ ಗ್ಯಾರೇಜಿನಲ್ಲಿರುತ್ತದೆ ಎಂದು ನನ್ನ ಬಾಯಿ ತಾನಾಗಿಯೇ ಹೇಳಿತು. "ಗೋಡೆಗೆ ಭದ್ರವಾಗಿ ಬೋಲ್ಟು ಹಾಕಿಸಿ, ನಾನು ಬಂದು ನೋಡಿ ಒಪ್ಪಿಗೆ ಕೊಡುತ್ತೇನೆ" ಎಂದು ಆಕೆ ಎದ್ದಳು.

ಶನಿವಾರ ಭಾವ ಬಂದರು. ತಟ್ಟೆಗೆ ಅನ್ನ ಹಾಕಿ ವಿಷಯ ಹೇಳಿದೆ. ಎಲ್ಲ ಬಿಟ್ಟು ಅವರು ಗ್ಯಾರೇಜನ್ನು ಟೀಕಿಸಲು ಶುರುಮಾಡಿದರು.

"ನಿಮ್ಮ ಗ್ಯಾರೇಜ್ ಗೋಡೆ ಬರೀ ಬೋರ್ಡು ಕಣಮ್ಮ. ಬೋಲ್ಟು ನಿಲ್ಲಲ್ಲ."

"ನಿಲ್ಲೋ ಹಾಗೆ ಮಾಡಿ. ನೀವು ಇಂಜಿನಿಯರ್ ತಾನೆ."

"ತೇವ ಬೇರೆ. ಮತ್ತೆ ಬಂದೂಕು ಇಲ್ಲಿದ್ರೆ ಒರೆಸಿ ಎಣ್ಣೆ ಹಾಕೋಕೆ ನಾನು ಪ್ರತಿ ಸಲ ಪಾಪಕುರಾದಿಂದ ಬರಬೇಕು."

"ಬರೋದು ಬೇಡ ಭಾವ. ಇಲ್ಲೇ ಇರಿ. ಮೇಲಿನ ರೂಮು ಖಾಲಿ ಇದೆ. ನಮ್ಮನೆಯವರಿಗೂ ಹೇಳಿದೀನಿ."

ಭಾವ ಅನ್ನ ಕಲಸುವುದನ್ನು ನಿಲ್ಲಿಸಿದರು. ಆಮೇಲೆ ತಟ್ಟೆಯನ್ನೇ ನೋಡುತ್ತ ಹೇಳಿದರು:

"ಆ ಮನೇಲಿ ನಾನು ಮಾತಾಡಿ ತುಂಬ ದಿನ ಆಯ್ತು ಕಣಮ್ಮ."

ನನಗೆ ಅಳು ಬಂತು. ಒಲೆಯ ಕಡೆ ತಿರುಗಿಕೊಳ್ಳಬಹುದಿತ್ತು, ತಿರುಗಲಿಲ್ಲ. ಅವರೆದುರಿಗೇ ಕೂತು ಅತ್ತುಬಿಟ್ಟೆ.