ಎರಡು ಜಡೆಯ ಷರತ್ತು

ಊರಿನ ಅರ್ಧ ತಲೆಗಳು ತನ್ನ ಕೈಯಲ್ಲಿವೆ ಎಂದು ಬೀಗುತ್ತಿದ್ದ ಕ್ಷೌರಿಕನಿಗೆ ಸ್ವಂತ ಮಗಳ ತಲೆ ಸಿಗುತ್ತಿದ್ದದ್ದು ಭಾನುವಾರ ಬೆಳಗಿನಿಂದ ಸಂಜೆಯವರೆಗೆ ಮಾತ್ರ. ಗಂಡ ಹೆಂಡತಿ ಬೇರೆಯಾದಾಗ ಕೋರ್ಟಿನ ಸಂಧಾನದ ಕೋಣೆಯಲ್ಲಿ ಆದ ಏರ್ಪಾಡು ಅದು. ಮಗು ರಾತ್ರಿಯೂ ಉಳಿಯಬೇಕಾದರೆ ತಾಯಿಯದೊಂದು ಷರತ್ತಿತ್ತು: "ಸೋಮವಾರ ಬೆಳಿಗ್ಗೆ ಎರಡು ಜಡೆ ಹಾಕಿ ಸ್ಕೂಲಿಗೆ ಕಳಿಸೋಕೆ ಬರಬೇಕು. ಕಲಿತು ತೋರಿಸಿ, ಆಮೇಲೆ ಮಾತು."

ಕತ್ತರಿಸುವ ಕೈಗೆ ಹೆಣೆಯುವುದು ಸುಲಭವೇ? ಪಾಪ, ನೆಲ ಒರೆಸುವ ಕೋಲಿನ ದಾರಗಳಿಗೆ ಜಡೆ ಹಾಕಿ ಹಾಕಿ ಕಲಿತ. ಇವತ್ತು ಪರೀಕ್ಷೆ: ಸಂಜೆ ಎರಡು ಜಡೆಯೊಂದಿಗೇ ಮಗಳನ್ನು ತಾಯಿಯ ಮುಂದೆ ನಿಲ್ಲಿಸಬೇಕು. ಅಂಗಡಿಯ ಕನ್ನಡಿಯ ಮುಂದೆ ಬಲಗಡೆಯ ಜಡೆ ಹಗ್ಗದ ಹಾಗೆ ಬಿಗಿಯಾಗಿ ಇಳಿಯಿತು. ಎಡಗಡೆಗೆ ಬಂದಾಗ ಬೆರಳು ಅಂಟಿಕೊಂಡಿತು.

"ಏನಮ್ಮಾ ಇದು?"

"ಚೂಯಿಂಗ್ ಗಮ್. ಬಾಯಿ ಆಡಿಸಿದ್ರೆ ತಲೆ ಅಲ್ಲಾಡುತ್ತೆ ಅಂದ್ಯಲ್ಲಪ್ಪಾ. ಅದಕ್ಕೇ ತೆಗೆದು ಕಿವಿ ಹಿಂದೆ ಇಟ್ಕೊಂಡೆ."

ಪಕ್ಕದಂಗಡಿಯ ದರ್ಜಿ ಓಡಿಬಂದ. "ಬಟ್ಟೆಗೆ ಅಂಟಿದ್ರೆ ನಾವು ಐಸ್ ಇಡ್ತೀವಿ, ಅಣ್ಣಾ." ಐಸ್ ಕರಗಿ ಮಗುವಿನ ಬೆನ್ನಿಗೆ ಇಳಿಯಿತು. ಬೇಕರಿಯಾಕೆ ಬೆಣ್ಣೆ ತಂದಳು. ಬೆಣ್ಣೆ ಜಾರುತ್ತದೆಂದು ಮೈದಾ ಉದುರಿಸಿದಳು. ಅರ್ಧ ಗಡ್ಡ ಹೆರೆಸಿಕೊಂಡು ಕೂತಿದ್ದ ಗಿರಾಕಿ ನೊರೆಯೊಳಗಿಂದಲೇ, "ಸೀಮೆಎಣ್ಣೆ ಹಚ್ಚಿ ನೋಡಿ" ಎಂದ.

"ನಿಮ್ಮ ಇನ್ನರ್ಧ ಗಡ್ಡ ನನ್ನ ಕೈಲಿದೆ. ಸುಮ್ನಿರಿ," ಎಂದ ಕ್ಷೌರಿಕ.

ಅಷ್ಟರಲ್ಲಿ ಗಮ್ ಬಲಜಡೆಗೂ ದಾಟಿತ್ತು. ಹಕ್ಕಿಯೊಂದು ಗೂಡು ಕಟ್ಟಿ, ತನಗೇ ನಾಚಿಕೆಯಾಗಿ ಬಿಟ್ಟುಹೋದಂತಿತ್ತು ಆ ತಲೆ. ಬೇರೆ ದಾರಿಯೇ ಇರಲಿಲ್ಲ. ಅವನು ಕತ್ತರಿ ಎತ್ತಿಕೊಂಡ.

ಕತ್ತರಿ ಹಿಡಿದದ್ದೇ ತಡ, ಕೈಗೆ ತನ್ನ ಕಸುಬು ಸಿಕ್ಕಿತು. ಕಿವಿಯ ಬಳಿ ಬಳುಕಿ, ಕತ್ತಿನ ಬಳಿ ತೆಳುವಾಗಿ, ಹಣೆಯ ಮೇಲೆ ಹಗುರವಾಗಿ ಕೂದಲು ಕೂತಿತು. ಜನ್ಮದಲ್ಲಿ ಅಂಥದ್ದನ್ನು ಅವನು ಕತ್ತರಿಸಿರಲಿಲ್ಲ. ಮಗಳು ಕನ್ನಡಿಯಲ್ಲಿ ಒಮ್ಮೆ ಆ ಕಡೆ, ಒಮ್ಮೆ ಈ ಕಡೆ ತಿರುಗಿ, ಕತ್ತು ಎತ್ತಿ ಕೂತಳು. ಬಾಯಿಬಡುಕ ದರ್ಜಿ ಚಪ್ಪಾಳೆ ತಟ್ಟಿದ.

ಮರುಕ್ಷಣ ಅವನಿಗೇ ಜಡೆಯ ಷರತ್ತು ನೆನಪಾಯಿತು. "ಚೆನ್ನಾಗೇನೋ ಇದೆ. ಆದ್ರೆ ಅವರಮ್ಮ ಬಿಡ್ತಾರಾ? ಹಿಂದಿನ ಬೀದಿಯ ಪಾರ್ಲರ್‌ನವಳು ಕತ್ತರಿಸಿದ್ಲು ಅಂತ ಹೇಳಿಬಿಡಿ. ಪುಟ್ಟಿ, ನೀನೂ ಹಾಗೇ ಹೇಳಬೇಕು, ಆಯ್ತಾ?"

ಪುಟ್ಟಿ ಗಂಭೀರವಾಗಿ ತಲೆಯಾಡಿಸಿದಳು.

ಸಂಜೆ ತಾಯಿ ಬಾಗಿಲು ತೆಗೆದು ನೋಡುತ್ತ ನಿಂತುಬಿಟ್ಟಳು. "ಯಾರು ಕತ್ತರಿಸಿದ್ದು?"

"ಹಿಂದಿನ ಬೀದಿ... ಪಾರ್ಲರ್‌ನವಳು," ಎಂದ ಅವನು, ಚಪ್ಪಲಿ ನೋಡುತ್ತ.

ಅವಳು ಮಗಳನ್ನು ಸುತ್ತ ತಿರುಗಿಸಿ ನೋಡಿದಳು. ಮುಖ ಅರಳಿತು. "ಎಷ್ಟು ಮುದ್ದಾಗಿ ಕಾಣ್ತಾಳೆ. ನೀವೇ ಕತ್ತರಿಸಿದ್ದಿದ್ರೆ ಜಡೆಯೂ ಬೇಡ, ಗಿಡೆಯೂ ಬೇಡ, ಇವತ್ತೇ ಉಳಿಸ್ಕೊಳ್ಳಿ ಅಂದುಬಿಡ್ತಿದ್ದೆ. ಇಷ್ಟು ಜೋಪಾನದ ಕೈ ಇದ್ರೆ ಇನ್ನೇನು ಬೇಕು?"

"ನಾನೇ. ನಿಜವಾಗ್ಲೂ ನಾನೇ ಕತ್ತರಿಸಿದ್ದು."

"ಇನ್ನೊಬ್ಬರ ಕೆಲಸಕ್ಕೆ ನಿಮ್ಮ ಹೆಸರು ಹಾಕ್ಕೋಬೇಡಿ. ಪುಟ್ಟಿ, ನೀನು ಹೇಳು, ಯಾರು ಕತ್ತರಿಸಿದ್ದು?"

ಪುಟ್ಟಿ ಅಪ್ಪನತ್ತ ನೋಡಿ, ಬೆನ್ನು ನೆಟ್ಟಗೆ ಮಾಡಿ ನಿಂತಳು. "ಪಾರ್ಲರ್ ಆಂಟಿ."

"ನೋಡಿದ್ರಾ? ಕೂದಲು ಬೆಳೆದ ಮೇಲೆ ಜಡೆ ಹಾಕಿ ತೋರಿಸಿ. ಅಲ್ಲೀವರೆಗೆ ಆ ಪಾರ್ಲರ್‌ಗೇ ಕರ್ಕೊಂಡು ಹೋಗಿ."

ಅವನು ಕತ್ತು ಬಗ್ಗಿಸಿ ಮೆಟ್ಟಿಲಿಳಿಯುವಾಗ ಪುಟ್ಟಿ ಓಡಿಬಂದು ಕಿವಿಯಲ್ಲಿ ಹೆಮ್ಮೆಯಿಂದ ಉಸುರಿದಳು:

"ನೀನು ಬಾಯಿಬಿಟ್ರೂ ನಾನು ಬಿಡಲಿಲ್ಲ, ಅಲ್ವಾಪ್ಪಾ?"