ಊಟದ ಮೇಜಿನ ಮೇಲೆ ನಾಲ್ಕು ಸರ್ಕಾರಗಳು

“ನನ್ನ ಕೈಯಿಂದ ಹೊರಗೆ ಹೋದ ಪುಸ್ತಕ ಸರಿಯಿಲ್ಲ ಅಂತ ಇವತ್ತಿನವರೆಗೆ ವಾಪಸ್ ಬಂದಿದ್ದಿಲ್ಲ. ಬಂದ ದಿನ ಈ ಮೇಜನ್ನ ನಿನಗೇ ಬಿಟ್ಟುಕೊಡ್ತೀನಿ, ಹೋಗು!”

ಹೀಗೆಂದು ಘೋಷಿಸಿದ ಬೈಂಡರು ಅಂಟಿನ ಕುಂಚವನ್ನು ರಾಜದಂಡದಂತೆ ಮೇಲೆತ್ತಿದರು. ಕುಂಚದಿಂದ ಒಂದು ಹನಿ ಅವರ ಮೀಸೆಯ ಮೇಲೇ ಬಿತ್ತು. ಹೆಂಡತಿ ನೋಡಿದಳು, ಹೇಳಲಿಲ್ಲ. ವಿರೋಧ ಪಕ್ಷದವರು ಕಂಡದ್ದನ್ನೆಲ್ಲ ಹೇಳಬೇಕೆಂಬ ನಿಯಮವೇನೂ ಇಲ್ಲವಲ್ಲ.

ಜಗಳದ ಮೂಲ ಊಟದ ಮೇಜು. ಹಳೆಯ ಪುಸ್ತಕಗಳನ್ನು ಬಿಚ್ಚಿ, ಮತ್ತೆ ಹೊಲಿದು, ಹೊಸ ರಟ್ಟು ಹಾಕಿಕೊಡುವುದು ಆ ಮನೆಯ ಕಸುಬು. ಹೊಲಿಗೆ ಹೆಂಡತಿಯದು, ಹಿಟ್ಟಿನ ಅಂಟು ಕಾಯಿಸುವುದೂ ಅವಳದೇ. ರಟ್ಟು, ಬಟ್ಟೆ, ಬೆನ್ನಿನ ಮೇಲಿನ ಚಿನ್ನದ ಅಕ್ಷರ ಮತ್ತು ಬಡಾಯಿ ಗಂಡನವು. ಹಿಂದಿನ ಕೋಣೆ ಇದ್ದದ್ದೇ ಈ ಕೆಲಸಕ್ಕೆ. ಆದರೆ ಅದರಲ್ಲಿ ರಟ್ಟಿನ ಚೂರುಗಳು ತುಂಬಿಕೊಂಡ ಮೇಲೆ ಬೈಂಡರ ಕಣ್ಣು ಮೇಜಿನ ಮೇಲೆ ಬಿತ್ತು. ‘ಇವತ್ತೊಂದು ದಿನ’ ಎಂದು ಮೊದಲು ಮೂಲೆಯಲ್ಲಿ ಅಂಟಿನ ಬಟ್ಟಲು ಬಂತು. ಬಟ್ಟಲಿನ ರಕ್ಷಣೆಗೆ ಕತ್ತರಿ ಬಂತು. ಕತ್ತರಿಯ ಹಿಂದೆ ಪುಸ್ತಕ ಒತ್ತುವ ಕಬ್ಬಿಣದ ಪ್ರೆಸ್ಸೇ ಬಂದು ನಡುಮಧ್ಯೆ ಬೀಡು ಬಿಟ್ಟಿತು. ಅಲ್ಲಿಗೆ ಮನೆಮಂದಿ ತಟ್ಟೆಯನ್ನು ತೊಡೆಯ ಮೇಲಿಟ್ಟುಕೊಂಡು ಉಣ್ಣುವ ನಿರಾಶ್ರಿತರಾದರು.

ಇಂಥ ಸಮಯದಲ್ಲಿ ನಿವೃತ್ತ ಇತಿಹಾಸದ ಮೇಷ್ಟ್ರು ನಾಲ್ಕು ಸಂಪುಟಗಳನ್ನು ಎದೆಗವಚಿಕೊಂಡು ಬಂದರು. ಲೋಕದಲ್ಲಿ ಯಾರು ಯಾರು ಹೇಗೆ ಹೇಗೆ ಆಳಿದರು ಎಂಬುದರ ಚರಿತ್ರೆ ಅದು. ಒಂದರಲ್ಲಿ ಅರಸರು, ಒಂದರಲ್ಲಿ ಸಂಸತ್ತುಗಳು, ಒಂದರಲ್ಲಿ ಸೇನಾಪತಿಗಳು, ಇನ್ನೊಂದರಲ್ಲಿ ಒಕ್ಕೂಟಗಳು. ಹೊಲಿಗೆ ಸಡಿಲಗೊಂಡು ನಾಲ್ಕೂ ಸರ್ಕಾರಗಳು ಬೀಳುವ ಸ್ಥಿತಿಯಲ್ಲಿದ್ದವು.

“ಭಾನುವಾರ ಸಂಜೆ ವಾಚನಾಲಯದಲ್ಲಿ ನನ್ನ ಭಾಷಣ ಇದೆ. ಅಷ್ಟರಲ್ಲಿ ಕೊಡ್ತೀರಾ? ಪುಸ್ತಕ ಇಲ್ದೆ ನನಗೆ ಮಾತೇ ಬರೋಲ್ಲ” ಎಂದರು ಮೇಷ್ಟ್ರು.

“ಕಣ್ಣು ಮುಚ್ಚಿಕೊಂಡು ಮಾಡಿಕೊಡ್ತೀನಿ” ಎಂದರು ಬೈಂಡರು. ಮಾತಿಗೆ ತಪ್ಪುವವರಲ್ಲ ಅವರು.

ಬೈಂಡರಿಗೆ ಒಂದೇ ಒಂದು ಕಾನೂನಿತ್ತು: ಕಟ್ಟುವವನು ಓದಬಾರದು. ಹೆಂಡತಿಯೋ ಹೊಲಿಯುತ್ತಲೇ ಓದುವವಳು, ಅದೂ ಪಕ್ಕದ ಕುರ್ಚಿಯಲ್ಲಿ ಕೂತ ಅತ್ತೆಗೆ ಕೇಳಿಸುವಂತೆ. ಕಥೆ ಚೆನ್ನಾಗಿದ್ದರೆ ಸೂಜಿ ಅರ್ಧ ದಾರಿಯಲ್ಲೇ ನಿಲ್ಲುತ್ತಿತ್ತು. ಈ ಸಲ ಬೈಂಡರು ತುರ್ತುಪರಿಸ್ಥಿತಿಯನ್ನೇ ಹೇರಿದರು.

“ಇದು ಮುಗಿಯೋತನಕ ಒಂದಕ್ಷರ ಓದಕೂಡದು. ಸೂಜಿ, ದಾರ, ಅಷ್ಟೇ.”

“ಆಗಲಿ, ಅಪ್ಪಣೆ” ಎಂದಳು ಹೆಂಡತಿ.

ಬೈಂಡರು ನಾಲ್ಕು ಸಂಪುಟಗಳನ್ನೂ ಬಿಚ್ಚಿ, ಹಳೆಯ ಅಂಟನ್ನು ಕೆರೆದು, ಹದಿನಾರು ಹದಿನಾರು ಪುಟಗಳ ಮಡಿಕೆಗಳನ್ನು ಮೇಜಿನ ಮೇಲೆ ನಾಲ್ಕು ಗುಡ್ಡೆ ಮಾಡಿದರು. ಆಗಲೇ ಅಮ್ಮ ಊರುಗೋಲು ಊರಿಕೊಂಡು ಬಂದರು. “ಏನು ಸೆಕೆಯಪ್ಪಾ” ಎನ್ನುತ್ತ ಫ್ಯಾನಿನ ಗುಂಡಿ ಒತ್ತಿದರು.

ಬೈಂಡರು “ಅಮ್ಮಾ, ಬೇಡ” ಎನ್ನುವಷ್ಟರಲ್ಲಿ ಅರಸರು ಸೋಫಾದ ಕೆಳಗೆ, ಸೇನಾಪತಿಗಳು ಒಲೆಯ ಪಕ್ಕಕ್ಕೆ. ಒಕ್ಕೂಟಗಳು ಚದುರಿ ಚೆಲ್ಲಾಪಿಲ್ಲಿ. ಸಂಸತ್ತಿನ ಒಂದು ಇಡೀ ಅಧಿವೇಶನ ಅಮ್ಮನ ಮಡಿಲಿಗೇ ಬಂದು ಬಿತ್ತು.

ಎಲ್ಲವನ್ನೂ ಗುಡಿಸಿ ತಂದದ್ದಾಯಿತು. ನಾಲ್ಕೂ ಸಂಪುಟಗಳದು ಒಂದೇ ಅಳತೆ, ಒಂದೇ ಕಾಗದ, ಒಂದೇ ಅಚ್ಚು. ಪುಟದ ತಲೆಯ ಮೇಲೆ ಅಂಕಿ ಬಿಟ್ಟರೆ ಇನ್ನೇನೂ ಇಲ್ಲ.

“ರೀ, ಹದಿನೇಳನೇ ಪುಟ ಅನ್ನೋದು ನಾಲ್ಕು ಪುಸ್ತಕದಲ್ಲೂ ಇರತ್ತೆ. ಯಾವುದು ಯಾವುದರದ್ದು ಅಂತ ಒಂಚೂರು ಓದಿ...”

“ನೋಡಿದ್ಯಾ? ಸಂದು ಸಿಕ್ಕಿದ್ರೆ ಓದೋ ಮಾತು. ಅಂಕಿ ಇಲ್ವಾ? ಹದಿನಾರು ಆದ್ಮೇಲೆ ಹದಿನೇಳು. ಮಗುಗೂ ಗೊತ್ತು.”

ಹೆಸರಿನ ಪುಟ ಇದ್ದ ಮೊದಲ ಮಡಿಕೆಗಳನ್ನು ಅವರು ಸರಿಯಾಗಿಯೇ ಇಟ್ಟರು. ಅಲ್ಲಿಂದ ಮುಂದೆ ಇಸ್ಪೀಟು ಹಂಚಿದಂತೆ, ಯಾವ ಗುಡ್ಡೆಗೂ ಅನ್ಯಾಯವಾಗದ ಹಾಗೆ ಒಂದೊಂದನ್ನು ಹಂಚಿದರು. ಅಂಕಿಗಳೇನೋ ಸಿಪಾಯಿಗಳಂತೆ ಸಾಲಾಗಿ ನಿಂತವು. ಹೆಂಡತಿ ತುಟಿ ಬಿಗಿಹಿಡಿದು ಹೊಲಿದಳು. ಎಂದೂ ಇಲ್ಲದಷ್ಟು ಬೇಗ ಮುಗಿಸಿಯೂ ಬಿಟ್ಟಳು.

“ಓದದೇ ಇದ್ರೆ ಕೆಲಸ ಹೇಗೆ ಓಡತ್ತೆ ನೋಡು” ಎಂದು ಬೈಂಡರು ಬೀಗಿದರು. ಅಂಟಿಗೆ ಕುಂಚ ಅದ್ದಿದವರು ಹುಬ್ಬು ಗಂಟಿಕ್ಕಿದರು. “ಯಾಕೆ ಇಷ್ಟು ನೀರಾಗಿದೆ?”

“ಹಿಟ್ಟು ಕಡಿಮೆ ಇತ್ತು” ಎಂದಳು ಅವಳು.

ಭಾನುವಾರ ಸಂಜೆ ಮೇಷ್ಟ್ರು ಬಂದರು. ಕಡುಗೆಂಪು ಬಟ್ಟೆ, ಚಿನ್ನದ ಅಕ್ಷರ. ಪುಸ್ತಕದ ಬೆನ್ನು ಸವರಿ ಮೇಷ್ಟ್ರು ಮೊಮ್ಮಗುವನ್ನು ಕಂಡವರಂತೆ ನಕ್ಕರು. ನಾಲ್ಕನ್ನೂ ಚೀಲಕ್ಕೆ ಹಾಕಿಕೊಂಡು ನೇರ ವಾಚನಾಲಯಕ್ಕೆ ಹೊರಟರು. ಬೈಂಡರು ಬಾಗಿಲಲ್ಲಿ ನಿಂತು ಮೀಸೆ ತಿರುವಿದರು.

ಒಳಗೆ ಅಮ್ಮ ಚಹಾ ಹೀರುತ್ತ ನಿಟ್ಟುಸಿರು ಬಿಟ್ಟರು. “ಆ ರಾಜ ಪುಣ್ಯವಂತ ಕಣೋ.”

“ಯಾವ ರಾಜ?”

“ನೀವಿಬ್ರೂ ಆಕಡೆ ಹೋಗಿದ್ದಾಗ ಭೂತಗನ್ನಡಿ ಹಿಡ್ಕೊಂಡು ಒಂದೆರಡು ಪುಟ ಓದಿದೆ. ತಲೆ ತೆಗೆಯೋಕೆ ಕರ್ಕೊಂಡು ಬರ್ತಾರೆ ಪಾಪ. ಪಕ್ಕದ ಪುಟ ನೋಡಿದ್ರೆ ಚುನಾವಣೇಲಿ ಗೆದ್ದುಬಿಟ್ಟಿದಾನೆ.”

ಬೈಂಡರು ಮೀಸೆಯಿಂದ ಕೈ ತೆಗೆದರು. “ಮೊದಲೇ ಹೇಳಬಾರದಾಗಿತ್ತಾ ಅಮ್ಮಾ?”

“ಸರ್ಕಾರದ ವಿಷಯ, ನಮಗ್ಯಾಕೆ ಅಂತ ಸುಮ್ಮನಾದೆ.”

ಬೈಂಡರು ಒಂದು ಕಾಲಿಗೆ ತಮ್ಮ ಚಪ್ಪಲಿ, ಇನ್ನೊಂದಕ್ಕೆ ಅಮ್ಮನದು ಮೆಟ್ಟಿಕೊಂಡು ಓಡಿದರು. ಇಷ್ಟು ವರ್ಷ ಕಟ್ಟಿಕೊಂಡು ಬಂದ ಹೆಸರು ಮೇಷ್ಟ್ರ ಚೀಲದಲ್ಲಿತ್ತು. ವಾಚನಾಲಯದ ಬಾಗಿಲಲ್ಲಿ ಏದುಸಿರು ಬಿಡುತ್ತ ನಿಂತಾಗ ಭಾಷಣ ಶುರುವಾಗಿಯೇ ಹೋಗಿತ್ತು. ಮೇಷ್ಟ್ರು ಮೂಗಿನ ತುದಿಗೆ ಪುಸ್ತಕ ಹಿಡಿದು ಓದುತ್ತಿದ್ದರು. ವಾಚನಾಲಯದ ಮೇಲ್ವಿಚಾರಕರು ವಾಡಿಕೆಯಂತೆ ಕಣ್ಣು ಮುಚ್ಚಿದ್ದರು.

“ಅರಸನನ್ನು ಅಂಗಳಕ್ಕೆ ಕರೆತಂದರು. ಜನ ಉಸಿರು ಬಿಗಿಹಿಡಿದರು. ಕೊಡಲಿ ಮೇಲೆದ್ದಿತು. ಆ ಕ್ಷಣದಲ್ಲಿ ಅರಸನು...” ಮೇಷ್ಟ್ರು ಪಕ್ಕದ ಪುಟಕ್ಕೆ ಕಣ್ಣು ಹೊರಳಿಸಿದರು. “...ಎಲ್ಲ ಸದಸ್ಯರ ಒಪ್ಪಿಗೆಯಿಂದ ತೆರಿಗೆ ಸಮಿತಿಯ ಅಧ್ಯಕ್ಷನಾಗಿ ಆಯ್ಕೆಯಾದನು.”

ಹಿಂದಿನ ಸಾಲಿನಲ್ಲಿ ಯಾರೋ ಕಿಸಕ್ಕೆಂದರು. ಮೇಷ್ಟ್ರು ಹಾಳೆಯನ್ನು ಹಿಂದಕ್ಕೆ ತಿರುಗಿಸಿದರು, ಮುಂದಕ್ಕೆ ತಿರುಗಿಸಿದರು. ಇನ್ನಷ್ಟು ಮುಂದೆ ಹೋದರು. ಅಲ್ಲಿ ಸೇನಾಪತಿಯೊಬ್ಬ ಸಂಸತ್ತಿಗೆ ಬೀಗ ಜಡಿಯುತ್ತಿದ್ದ. ಬೈಂಡರು ಕಂಬದ ಹಿಂದೆ ಸರಿದರು.

ಮೇಷ್ಟ್ರು ಪುಸ್ತಕ ಮುಚ್ಚಿದರು. ಕನ್ನಡಕ ತೆಗೆದರು. ಒಮ್ಮೆ ಕೆಮ್ಮಿ, “ಆ ಅರಸನಿಗೆ ನಿಜವಾಗಿ ಏನಾಯ್ತು ಅಂತ ಹೇಳ್ತೀನಿ, ಕೇಳಿ” ಎಂದರು. ಆಮೇಲೆ ಮಾತು ನಿಲ್ಲಲೇ ಇಲ್ಲ. ಅರಸ ಹೇಗೆ ಅತ್ತ, ಕಾವಲುಗಾರ ಹೇಗೆ ಮುಖ ತಿರುಗಿಸಿದ, ಮರುದಿನ ಪೇಟೆಯಲ್ಲಿ ರೊಟ್ಟಿ ಮಾರುವವರು ಏನು ಮಾತಾಡಿಕೊಂಡರು, ಎಲ್ಲವೂ ಬಂತು. ಮೇಲ್ವಿಚಾರಕರು ಕಣ್ಣು ತೆರೆದರು. ತೆರೆದ ಕಣ್ಣು ಕೊನೆಯವರೆಗೂ ಮುಚ್ಚಲಿಲ್ಲ.

ಸಭೆ ಮುಗಿದ ಮೇಲೆ ಬೈಂಡರು ತಲೆ ತಗ್ಗಿಸಿಕೊಂಡು ಹೋಗಿ ನಿಂತರು. “ತಪ್ಪಾಯ್ತು ಮೇಷ್ಟ್ರೇ. ಅಂಕಿ ನೋಡಿದೆ, ಅಕ್ಷರ ನೋಡ್ಲಿಲ್ಲ.”

“ನಾನೂ ಇಷ್ಟು ವರ್ಷ ಬರೀ ಅಕ್ಷರ ನೋಡ್ಕೊಂಡೇ ಮಾತಾಡಿದೆ ಬಿಡಿ. ಎದುರಿಗಿರೋ ಮುಖಗಳನ್ನ ಇವತ್ತೇ ನೋಡಿದ್ದು” ಎಂದ ಮೇಷ್ಟ್ರು ಚೀಲವನ್ನು ಬೈಂಡರ ಕೈಗೆ ಕೊಟ್ಟರು. “ಆದ್ರೂ ಸರಿ ಮಾಡಿಕೊಡಿ. ಉಳಿದ ಅರಸರ ಕಥೆ ಯಾವಾಗ ಅಂತ ಜನ ಕೇಳ್ತಿದಾರೆ.”

ಮನೆಯ ದಾರಿಯುದ್ದಕ್ಕೂ ಬೈಂಡರು ವಕೀಲರಂತೆ ವಾದ ಹೊಸೆದರು. ಬಾಗಿಲು ದಾಟುತ್ತಲೇ ಮಂಡಿಸಿದರು.

“ಪುಸ್ತಕ ವಾಪಸ್ ಬಂದಿದ್ದಲ್ಲ, ತಿಳ್ಕೋ. ನಾನೇ ಹೋಗಿ ತಂದಿದ್ದು. ಎರಡಕ್ಕೂ ವ್ಯತ್ಯಾಸ ಇದೆ.”

“ಇದೆ, ಇದೆ. ಕೈ ತೊಳ್ಕೊಂಡು ಬನ್ನಿ, ಊಟಕ್ಕೆ.”

ಮೇಜು ಖಾಲಿಯಾಗಿತ್ತು. ಅಂಟಿನ ಕಲೆಗಳನ್ನು ಉಜ್ಜಿ ತೊಳೆದಾಗಿತ್ತು. ಮೂರು ತಟ್ಟೆಗಳು, ಮೂರು ಲೋಟಗಳು. ಬೈಂಡರು ಒಲ್ಲದ ಮನಸ್ಸಿನಿಂದಲೇ ಕೂತರು. ಎರಡು ತುತ್ತು ಇಳಿಯುವಷ್ಟರಲ್ಲಿ, ಎದುರಿಗೆ ಹೆಂಡತಿಯನ್ನೂ ಪಕ್ಕಕ್ಕೆ ಅಮ್ಮನನ್ನೂ ಕೂರಿಸಿಕೊಂಡು ಉಣ್ಣುವುದು ಎಷ್ಟು ಸುಖ ಎಂಬುದು ನೆನಪಾಯಿತು. ಇನ್ನೊಮ್ಮೆ ಬಡಿಸಿಕೊಂಡರು.

ಊಟವಾದ ಮೇಲೆ ಹೆಂಡತಿ ಚೀಲದಿಂದ ಮೊದಲ ಸಂಪುಟ ತೆಗೆದು ರಟ್ಟನ್ನು ಹಿಡಿದೆಳೆದಳು. ಬಾಳೆಹಣ್ಣಿನ ಸಿಪ್ಪೆಯಂತೆ ಬಂತು. ಒಂದು ದಾರದ ತುದಿ ಹುಡುಕಿ ಜಗ್ಗಿದಳು. ಸರ್ರನೆ ಹೊಲಿಗೆಯೆಲ್ಲ ಬಿಚ್ಚಿ, ಮಡಿಕೆಗಳು ಒಂದೊಂದಾಗಿ ಜಾರಿ ಬಿದ್ದವು.

ಬೈಂಡರು ಬಾಯಿ ಬಿಟ್ಟುಕೊಂಡು ನೋಡಿದರು. “ಗಂಟು?”

“ಎಳೆದ್ರೆ ಬಿಚ್ಚೋ ಗಂಟು. ಅಂಟೂ ನೀರು. ಬಿಚ್ಚೋವಾಗ ನಿಮಗೇ ತ್ರಾಸಾಗಬಾರದು ಅಂತ.”

“ಅಂದ್ರೆ, ಇದು ವಾಪಸ್ ಬರತ್ತೆ ಅಂತ ನಿನಗೆ ಗೊತ್ತಿತ್ತು. ಓದಿದ್ದೀಯ ನೀನು.”

“ಒಂದಕ್ಷರನೂ ಇಲ್ಲ. ಅಷ್ಟು ತಿಳ್ಕೊಳ್ಳೋಕೆ ಪುಸ್ತಕ ಓದಬೇಕಾ? ನಿಮ್ಮ ಮುಖ ನೋಡಿದ್ರೆ ಸಾಕಲ್ಲ.” ಅವಳು ಮಡಿಕೆಗಳನ್ನೆಲ್ಲ ಒಟ್ಟುಮಾಡಿ, ಚೀಲದ ಸಮೇತ ಗಂಡನ ಕೈಗಿತ್ತಳು. “ಹಿಂದಿನ ಕೋಣೆ ಗುಡಿಸಿಟ್ಟಿದೀನಿ. ಒಂದೊಂದೂ ಓದಿ ಜೋಡಿಸಿ.”

ಬೈಂಡರು ನಾಲ್ಕು ಸರ್ಕಾರಗಳನ್ನೂ ಹೊತ್ತುಕೊಂಡು, ಅಧಿಕಾರ ಕಳೆದುಕೊಂಡವರ ಗಾಂಭೀರ್ಯದಿಂದ ಹಿಂದಿನ ಕೋಣೆಯತ್ತ ನಡೆದರು. ಅಷ್ಟರಲ್ಲಿ ಅಮ್ಮ ಊರುಗೋಲಿನಿಂದ ನೆಲ ಕುಟ್ಟಿದರು.

“ಗಟ್ಟಿಯಾಗಿ ಓದೋ, ನಮಗೂ ಕೇಳಿಸ್ಲಿ. ಆ ರಾಜನ ತಲೆ ಉಳೀತೋ ಇಲ್ವೋ?”